ಆಡುತ್ತೀಯಾ?

2015ರ ಡಿಸೆಂಬರ್. ಮುಂಬೈಯ ನಾಯಗಾಂವ್‌ನಲ್ಲಿ ಹೊನಲು ಬೆಳಕಿನ ಕಬಡ್ಡಿ ಟೂರ್ನಿ. ದ್ವಿತೀಯಾರ್ಧದಲ್ಲಿ ಎದುರಾಳಿ ರೇಡರ್‌ನ ಪಾದದ ಗಂಟು ಹಿಡಿದು ಹಿಂದಕ್ಕೆ ಎಳೆಯುವಾಗ ನನ್ನ ಎಡ ಮೊಣಕಾಲು ಒಳಕ್ಕೆ ತಿರುಚಿಕೊಂಡಿತು. ಒಣಗಿದ ತೆಂಗಿನ ಗರಿ ಮುರಿದಂಥ ಸದ್ದು ನನ್ನ ಕಿವಿಗೇ ಕೇಳಿಸಿತು. ರೇಡರ್ ಔಟಾದ, ಜನ ಕೂಗಿದರು. ಕುಂಟುತ್ತ ಗೆರೆಯ ಬಳಿ ಬಂದಾಗ ಕೋಚ್ ಕೇಳಿದ್ದು ಎರಡೇ ಪದ: "ಖೇಳಣಾರ್ ನಾ?" ಆಡುತ್ತೀಯಾ ತಾನೇ? ಆಡುತ್ತೇನೆ ಎಂದೆ. ಉಳಿದಿದ್ದ ಹನ್ನೊಂದು ನಿಮಿಷವನ್ನೂ ಆಡಿದೆ.

ಆ ಪ್ರಶ್ನೆಯನ್ನು ನನಗೆ ಅದಕ್ಕಿಂತ ಮೊದಲು ನೂರಾರು ಸಲ ಕೇಳಿದ್ದರು, ನಂತರವೂ ಕೇಳಿದರು. ಎಲ್ಲಿ ನೋವು ಎಂದು ಮಾತ್ರ ಯಾರೂ ಕೇಳಿರಲಿಲ್ಲ. ಕೋಚ್ ಕೆಟ್ಟವರಲ್ಲ. ಅವರನ್ನೂ ಅವರ ಕಾಲದಲ್ಲಿ ಹಾಗೆಯೇ ಕೇಳಿದ್ದರು.

ನನ್ನ ಅಪ್ಪಯ್ಯ ಕುಂದಾಪುರದ ಕಡೆಯಿಂದ ಹದಿಮೂರನೆಯ ವಯಸ್ಸಿಗೆ ಮುಂಬೈಗೆ ಬಂದು, ಮಾಟುಂಗಾದ ಹೋಟೆಲಿನಲ್ಲಿ ಟೇಬಲ್ ಒರೆಸುವುದರಿಂದ ಆರಂಭಿಸಿ ಗಲ್ಲೆಯವರೆಗೆ ಏರಿದವರು. ನಾನು ಪಾಲಿಕೆಯ ಕನ್ನಡ ಶಾಲೆಯಲ್ಲಿ ಓದಿ, ಸಂಜೆ ವ್ಯಾಯಾಮಶಾಲೆಯ ಮಣ್ಣಿನಲ್ಲಿ ಕಬಡ್ಡಿ ಕಲಿತೆ. ಎಡ ಕಾರ್ನರ್, ಅಂದರೆ ರಕ್ಷಣಾ ಸಾಲಿನ ಎಡತುದಿ, ನನ್ನ ಜಾಗ. ಕಾರ್ನರ್‌ನವನ ಕೆಲಸವೆಲ್ಲ ಮೊಣಕಾಲಿನ ಮೇಲೆಯೇ: ಕೂತಂತೆ ಬಗ್ಗಿ, ರೇಡರ್‌ನ 30 ಸೆಕೆಂಡುಗಳ ದಾಳಿಯುದ್ದಕ್ಕೂ ಅವನ ಪಾದವನ್ನೇ ನೋಡುತ್ತ, ಕ್ಷಣ ಸಿಕ್ಕರೆ ನೆಲಕ್ಕೆ ಬೀಳಬೇಕು. ಇಪ್ಪತ್ತೊಂದಕ್ಕೆ ಒಂದು ಕಂಪನಿಯ ತಂಡ ನನ್ನನ್ನು ಸಂಬಳಕ್ಕೆ ತೆಗೆದುಕೊಂಡಿತು. ವರ್ಷ ವರ್ಷಕ್ಕೆ ನವೀಕರಣವಾಗುವ ಕರಾರು. ಆಡಿದರೆ ಸಂಬಳ. 2014ರಲ್ಲಿ ಪ್ರೊ ಕಬಡ್ಡಿ ಬಂದ ಮೇಲೆ ನಮ್ಮ ಆಟಕ್ಕೆ ಟಿವಿಯ ಬೆಳಕು ಬಿತ್ತು. ಆ ಲೀಗ್‌ಗೆ ಆಯ್ಕೆಯಾಗುವ ಕನಸು ನನ್ನ ವಯಸ್ಸಿನ ಪ್ರತಿಯೊಬ್ಬ ಆಟಗಾರನಿಗೂ ಇತ್ತು. ಮೊಣಕಾಲು ಹೋದದ್ದು ಅಂಥ ಹೊತ್ತಿನಲ್ಲಿ.

ಎಂಆರ್‌ಐನಲ್ಲಿ ನೋಡಿದರೆ ಎಸಿಎಲ್ ಎಂಬ ಮೊಣಕಾಲಿನ ಅಸ್ಥಿರಜ್ಜು ಪೂರ್ತಿ ಹರಿದಿತ್ತು, ಮೊಣಕಾಲಿನೊಳಗಿನ ಮೃದ್ವಸ್ಥಿಯೂ ಸೀಳಿತ್ತು. ಶಸ್ತ್ರಚಿಕಿತ್ಸೆಯಾಯಿತು. ಮನೆಗೆ ಕಳುಹಿಸುವಾಗ ಐದು ದಿನಕ್ಕೆಂದು ಟ್ರಮಡಾಲ್ ಎಂಬ ನೋವುನಿವಾರಕದ 50 ಮಿಲಿಗ್ರಾಂ ಕ್ಯಾಪ್ಸೂಲ್ ಬರೆದುಕೊಟ್ಟರು. ಆ ವೈದ್ಯರದು ತಪ್ಪಿಲ್ಲ, ಆ ಐದು ದಿನಕ್ಕೆ ಅದು ಬೇಕೇ ಇತ್ತು. ಮೊದಲ ಕ್ಯಾಪ್ಸೂಲ್ ತೆಗೆದುಕೊಂಡ ಮುಕ್ಕಾಲು ಗಂಟೆಗೆ ಮೊಣಕಾಲಿನ ನೋವು ಪಕ್ಕದ ಖೋಲಿಯ ರೇಡಿಯೊದಷ್ಟು ದೂರ ಸರಿಯಿತು. ಅದರ ಜೊತೆಗೆ ಕರಾರಿನ ಚಿಂತೆ, ಡೊಂಬಿವಲಿಯ ಮನೆಯ ಸಾಲ, ನನ್ನ ಜಾಗಕ್ಕೆ ಬಂದ ಹತ್ತೊಂಬತ್ತರ ಹುಡುಗ, ಎಲ್ಲವೂ ದೂರ ಸರಿದವು. ಕಾಲಿಗೆ ಕೊಟ್ಟ ಔಷಧ ಮನಸ್ಸಿಗೂ ಹತ್ತಿತು ಎಂಬುದು ಆಗ ತಿಳಿಯಲಿಲ್ಲ.

ಒಂಬತ್ತು ತಿಂಗಳು ಆಡಬಾರದು ಎಂದಿದ್ದರು. ಐದನೆಯ ತಿಂಗಳಿಗೆ ಮ್ಯಾಟ್ ಹತ್ತಿದೆ. ಅಭ್ಯಾಸಕ್ಕೆ ಮುಂಚೆ ಒಂದು, ಪಂದ್ಯಕ್ಕೆ ಮುಂಚೆ ಎರಡು. ಹಳೆಯ ಚೀಟಿಯನ್ನೇ ತೋರಿಸಿ ಬೇರೆ ಬೇರೆ ಸ್ಟೇಷನ್‌ಗಳ ಔಷಧಿ ಅಂಗಡಿಗಳಲ್ಲಿ ಕೊಳ್ಳುತ್ತಿದ್ದೆ. ಎರಡನೆಯ ವರ್ಷಕ್ಕೆ ಚೀಟಿ ಕೇಳುವವರೂ ಇರಲಿಲ್ಲ. ಟ್ರಮಡಾಲ್ ದಿನಕ್ಕೆ 400 ಮಿಲಿಗ್ರಾಂ, ಅಂದರೆ ಎಂಟು ಕ್ಯಾಪ್ಸೂಲ್ ಮೀರಬಾರದು. ಕೊನೆಯಲ್ಲಿ ನಾನು ಹದಿನಾರರಲ್ಲಿದ್ದೆ. 2017ರಲ್ಲಿ ಕಂಪನಿ ಕರಾರು ನವೀಕರಿಸಲಿಲ್ಲ. ಆಟ ನಿಂತರೂ ಮಾತ್ರೆ ನಿಲ್ಲಲಿಲ್ಲ. ಆಟಕ್ಕಾಗಿ ತಿನ್ನುತ್ತಿದ್ದೇನೆ ಎಂದು ನನಗೆ ನಾನೇ ಹೇಳಿಕೊಂಡಿದ್ದ ಮಾತು ಸುಳ್ಳೆಂದು ಅಂದೇ ಗೊತ್ತಾಗಬೇಕಿತ್ತು.

2018ರ ಏಪ್ರಿಲ್‌ನಲ್ಲಿ ಕೇಂದ್ರ ಸರ್ಕಾರ ಟ್ರಮಡಾಲನ್ನು ಮಾದಕ ವಸ್ತುಗಳನ್ನು ನಿಯಂತ್ರಿಸುವ ಎನ್‌ಡಿಪಿಎಸ್ ಕಾಯ್ದೆಯಡಿ ತಂದಿತು. ಅಂಗಡಿಯವರು ಕೈಯಾಡಿಸಿ ಕಳುಹಿಸತೊಡಗಿದರು. ಕೆಲವರು ಅದನ್ನೇ ನಾಲ್ಕು ಪಟ್ಟು ಬೆಲೆಗೆ ಕೌಂಟರ್‌ನ ಅಡಿಯಿಂದ ಕೊಟ್ಟರು. ನಾನು ಹೆಂಡತಿಯ ಒಂದು ಬಳೆಯನ್ನು ಅಡವಿಟ್ಟೆ. ಇದನ್ನು ಬರೆಯುವಾಗ ಈಗಲೂ ಕೈ ನಿಲ್ಲುತ್ತದೆ.

ಮಾತ್ರೆಯ ಪಟ್ಟಿಯನ್ನು ಬಿಡಿಸುವಾಗ ಚರ್ ಎಂದು ಸದ್ದಾಗುತ್ತದೆ. ನಮ್ಮದು ಒಂದು ಕೋಣೆ, ಒಂದು ಅಡುಗೆಮನೆ. ಬೆಳಿಗ್ಗೆ ಅವಳು ಹಾಲು ತರಲು ಕೆಳಗೆ ಇಳಿದ ಐದು ನಿಮಿಷದಲ್ಲಿ ಅಂದಿನ ಮಾತ್ರೆಗಳನ್ನೆಲ್ಲ ಬಿಡಿಸಿ, ಮೊಣಕಾಲಿಗೆ ಹಾಕುವ ನೀ-ಕ್ಯಾಪ್‌ನ ಒಳಮಡಿಕೆಯಲ್ಲಿ ನಾನೇ ಹೊಲಿದುಕೊಂಡಿದ್ದ ಪುಟ್ಟ ಚೀಲಕ್ಕೆ ತುಂಬುತ್ತಿದ್ದೆ. ಖಾಲಿ ಪಟ್ಟಿಗಳನ್ನು ಕಸದ ಡಬ್ಬಿಗೆ ಹಾಕುವಂತಿರಲಿಲ್ಲ. ಅಟ್ಟದ ಮೇಲೆ ನಾನು ಗೆದ್ದ ಕಪ್‌ಗಳಿದ್ದವು. ಒಂದೊಂದೇ ಮುಚ್ಚಳ ತೆಗೆದು ಅದರೊಳಗೆ ಪಟ್ಟಿಗಳನ್ನು ತುರುಕುತ್ತ ಹೋದೆ.

2019ರ ಚೌತಿಗೆ ಮನೆ ಗುಡಿಸಲೆಂದು ಅವಳು ಅಟ್ಟ ಹತ್ತಿದಳು. ಒಂದು ಕಪ್ ಕೈಜಾರಿ ಬಿತ್ತು. ನಾನು ಮನೆಯಲ್ಲಿರಲಿಲ್ಲ. ಅವಳು ನನಗೆ ಏನೂ ಹೇಳಲಿಲ್ಲ, ಹೇಳುವುದು ಏನೆಂದೂ ಅವಳಿಗೆ ಗೊತ್ತಿರಲಿಲ್ಲ. ಎಲ್ಲ ಕಪ್‌ಗಳನ್ನೂ ಬಗ್ಗಿಸಿ, ಪಟ್ಟಿಗಳನ್ನು ಎಣಿಸಿ, ಒಂದು ಬಟ್ಟೆಯ ಚೀಲದಲ್ಲಿ ಕಟ್ಟಿಟ್ಟಳು.

ನಾಲ್ಕು ದಿನಗಳ ನಂತರ, ಅಪ್ಪಯ್ಯನ ಗಲ್ಲೆಯ ಪಕ್ಕದಲ್ಲಿ ನಿಂತು ಬಿಲ್ಲು ಚುಚ್ಚುತ್ತಿದ್ದಾಗ ನನಗೆ ಫಿಟ್ಸ್ ಬಂತು. ನೆನಪಿರುವುದು ಫಿಲ್ಟರ್ ಕಾಫಿಯ ಪರಿಮಳ, ಆಮೇಲೆ ಆಂಬುಲೆನ್ಸ್‌ನ ಛಾವಣಿ. ನಡುವಿನದನ್ನು ಇತರರು ಹೇಳಿದ್ದು: ನಾನು ಬಿದ್ದೊಡನೆ ಅಪ್ಪಯ್ಯ ಗಲ್ಲೆಯ ಬೀಗದ ಕೈಗೊಂಚಲನ್ನು ನನ್ನ ಮುಷ್ಟಿಗೆ ತುರುಕಿ, ನನ್ನ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡು ಕೂತಿದ್ದರಂತೆ. ಕಬ್ಬಿಣದಿಂದ ಏನೂ ಆಗುವುದಿಲ್ಲ, ಮಗ್ಗುಲಾಗಿ ಮಲಗಿಸಬೇಕು, ಬಾಯಿಗೆ ಏನನ್ನೂ ಹಾಕಬಾರದು ಎಂದು ಆಸ್ಪತ್ರೆಯಲ್ಲಿ ತಿಳಿಸಿ ಹೇಳಿದರು. ಆದರೂ ಆ ಕೀಲಿಯ ಗುರುತು ನನ್ನ ಅಂಗೈಯಲ್ಲಿ ಎರಡು ದಿನ ಇತ್ತು. ನಾನು ಅದನ್ನೇ ನೋಡುತ್ತ ಮಲಗಿದ್ದೆ.

ಪಾಲಿಕೆಯ ಆಸ್ಪತ್ರೆ. ಯುವ ವೈದ್ಯೆಯೊಬ್ಬರು ಕೇಳಿದರು, ಏನಾದರೂ ಮಾತ್ರೆ ತೆಗೆದುಕೊಳ್ಳುತ್ತೀರಾ? ಇಲ್ಲ ಎಂದೆ. ಮತ್ತೆ ಕೇಳಿದರು. ಮತ್ತೆ ಇಲ್ಲ ಎಂದೆ. ಹೆಂಡತಿ ಮಂಚದ ಕೆಳಗಿನಿಂದ ಬಟ್ಟೆಯ ಚೀಲ ತೆಗೆದು ನನ್ನ ಕಾಲಬುಡದಲ್ಲಿ ಸುರಿದಳು. "ಇನ್ನೂರ ಹನ್ನೆರಡು ಪಟ್ಟಿಗಳಿವೆ. ಎಣಿಸಿದ್ದೇನೆ" ಎಂದಳು. ಅವಳ ಧ್ವನಿಯಲ್ಲಿ ಕೋಪವಿರಲಿಲ್ಲ. ವೈದ್ಯೆ ಒಂದು ಪಟ್ಟಿಯನ್ನು ಎತ್ತಿ ಬೆಳಕಿಗೆ ಹಿಡಿದು ಹೆಸರು ಓದಿದರು. ಪ್ರಮಾಣ ಮೀರಿದರೆ ಈ ಔಷಧಕ್ಕೆ ಫಿಟ್ಸ್ ತರಿಸುವ ಗುಣವಿದೆ, ಬೇರೆ ನೋವುನಿವಾರಕಗಳಿಗಿಂತ ಇದರಲ್ಲಿ ಆ ಅಪಾಯ ಎದ್ದು ಕಾಣುವಂಥದ್ದು. ಉಸಿರಾಟವೂ ನಿಲ್ಲಬಹುದಿತ್ತು.

ಸಂಜೆ ಮನೋವೈದ್ಯರು ಬಂದರು. ಬೈಯುತ್ತಾರೆ ಎಂದುಕೊಂಡಿದ್ದೆ. ಸ್ಟೂಲ್ ಎಳೆದು ಕೂತು, ಹೊದಿಕೆ ಸರಿಸಿ, ಮೊಣಕಾಲಿನ ಹೊಲಿಗೆಯ ಗುರುತನ್ನು ನೋಡಿ ಕೇಳಿದರು: "ಎಲ್ಲಿ ನೋವು?" ನಾನು ಆಸ್ಪತ್ರೆಗೆ ಬಂದ ಮೇಲೆ ಅತ್ತದ್ದು ಆಗ.

ನನಗೆ ಪೊಲೀಸರ ಭಯವಿತ್ತು. ತಾನಾಗಿ ಚಿಕಿತ್ಸೆಗೆ ಮುಂದೆ ಬರುವ ವ್ಯಸನಿಗೆ, ಸೇವನೆ ಮತ್ತು ಸಣ್ಣ ಪ್ರಮಾಣದ ವಿಷಯದಲ್ಲಿ, ಎನ್‌ಡಿಪಿಎಸ್ ಕಾಯ್ದೆಯ 64ಎ ಕಲಂ ರಕ್ಷಣೆ ಕೊಡುತ್ತದೆ ಎಂದು ಅವರು ಹೇಳಿದರು. ಈ ಒಂದು ಮಾತು ಮೊದಲೇ ಗೊತ್ತಿದ್ದರೆ ಒಂದು ವರ್ಷ ಮುಂಚೆಯೇ ಬರುತ್ತಿದ್ದೆನೋ ಏನೋ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ಬಿಡಿಸಿಕೊಳ್ಳುವ ದಿನಗಳ ಬಗ್ಗೆ ಜನ ಕೇಳುತ್ತಾರೆ. ಮೊದಲು ಆಕಳಿಕೆ, ಕಣ್ಣಿನಲ್ಲಿ ನೀರು, ಸುರಿಯುವ ಮೂಗು, ನೆಗಡಿಯ ಹಾಗೆ. ನಂತರ ರೋಮಾಂಚನವಾದಂತೆ ಮೈಯ ಕೂದಲೆಲ್ಲ ನಿಮಿರಿ ನಿಲ್ಲುತ್ತದೆ, ಹೊಟ್ಟೆ ಕಿವುಚುತ್ತದೆ. ಮೂರು ವರ್ಷ ಮಲಬದ್ಧತೆಗೆ ರಾತ್ರಿಯೆಲ್ಲ ಇಸಬಗೋಲು ಕುಡಿದವನಿಗೆ ಈಗ ಭೇದಿ. ಕಾಲುಗಳನ್ನು ಒಂದು ಕಡೆ ಇಡಲಾಗದು. ಟ್ರಮಡಾಲ್ ಇತರ ಓಪಿಯಾಯ್ಡ್‌ಗಳಂತೆ, ಅಂದರೆ ಅಫೀಮಿನ ವರ್ಗದ ಔಷಧಿಗಳಂತೆ, ಮಾತ್ರವಲ್ಲದೆ ಖಿನ್ನತೆಯ ಕೆಲವು ಔಷಧಿಗಳಂತೆಯೂ ಮಿದುಳಿನಲ್ಲಿ ಕೆಲಸ ಮಾಡುತ್ತದೆ. ಹಾಗಾಗಿ ಬಿಟ್ಟಾಗ ಭಯ, ಕಳವಳ, ತಲೆಯೊಳಗೆ ವಿದ್ಯುತ್ ಮುಟ್ಟಿದಂಥ ಝುಮ್ಮೆನ್ನುವಿಕೆಯೂ ಸೇರಿಕೊಳ್ಳುತ್ತವೆ. ಮೂರನೆಯ ರಾತ್ರಿ ಅಪ್ಪಯ್ಯ ನನ್ನ ಎರಡೂ ಪಾದಗಳನ್ನು ಮಡಿಲಲ್ಲಿ ಒತ್ತಿ ಹಿಡಿದು ಬೆಳಗಿನವರೆಗೆ ಕೂತಿದ್ದರು. ಅವರ ಕೈಗಳು ಬಿಸಿ ದೋಸೆಕಲ್ಲಿನ ಮುಂದೆ ಸವೆದ ಕೈಗಳು, ಬೆರಳಿನ ತುದಿಗಳಲ್ಲಿ ಗೆರೆಗಳೇ ಇಲ್ಲ. ಆ ಒರಟು ಬೆರಳುಗಳ ಬಿಗಿ ಇದ್ದಷ್ಟು ಹೊತ್ತು ಕಾಲು ಸುಮ್ಮನಿರುತ್ತಿತ್ತು.

ನನಗೆ ಈ ಸಂಕಟವನ್ನು ತಗ್ಗಿಸುವ ಬ್ಯುಪ್ರೆನಾರ್ಫಿನ್ ಮಾತ್ರೆಯನ್ನು ನಾಲಗೆಯಡಿ ಕರಗಿಸಲು ಕೊಟ್ಟು, ದಿನದಿನಕ್ಕೆ ಇಳಿಸುತ್ತ ಬಂದರು. ಅದನ್ನೂ ನಿಲ್ಲಿಸಿ ಕೆಲವು ದಿನ ಕಳೆದ ಮೇಲೆ ನಾಲ್ಟ್ರೆಕ್ಸೋನ್ 50 ಮಿಲಿಗ್ರಾಂ, ದಿನಕ್ಕೊಂದು. ಅದು ದೇಹದಲ್ಲಿದ್ದರೆ ಟ್ರಮಡಾಲ್ ನುಂಗಿದರೂ ಬೇಕಾದ ಸುಖ ಸಿಗುವುದಿಲ್ಲ, ಬಾಗಿಲಿಗೆ ಮೊದಲೇ ಬೀಗ ಹಾಕಿದಂತೆ. ಬೆಳಿಗ್ಗೆ ಹೆಂಡತಿ ನೀರಿನ ಲೋಟದೊಡನೆ ಕೊಡುತ್ತಿದ್ದಳು, ನುಂಗಿ ಬಾಯಿ ತೆರೆದು ತೋರಿಸುತ್ತಿದ್ದೆ. ಬೇರೆ ಕೆಲವರು ಬ್ಯುಪ್ರೆನಾರ್ಫಿನ್‌ನಲ್ಲಿಯೇ ವರ್ಷಗಟ್ಟಲೆ ಇರುತ್ತಾರೆ. ಅದನ್ನು ಸೋಲು ಎನ್ನುವವರ ಮೇಲೆ ನನಗೆ ಸಿಟ್ಟು ಬರುತ್ತದೆ. ದುಡಿಯುತ್ತಿದ್ದಾರೆ, ಮಕ್ಕಳನ್ನು ಶಾಲೆಗೆ ಬಿಡುತ್ತಿದ್ದಾರೆ, ಬದುಕಿದ್ದಾರೆ. ಇನ್ನೇನು ಬೇಕು?

ಅಬ್ಬಿಗೆ, ಅಂದರೆ ನನ್ನ ಅಮ್ಮನಿಗೆ, ಮಾತ್ರ ಇದು ಅರ್ಥವಾಗಲು ಕಾಲ ಬೇಕಾಯಿತು. "ಔಷಧಿಯೇ ತಾನೇ ಮಗ? ಕುಡಿದಿಲ್ಲ, ಬೀಡಿ ಸೇದಿಲ್ಲ. ಡಾಕ್ಟರೇ ಕೊಟ್ಟದ್ದು" ಎಂದು ಎಲ್ಲರಿಗೂ ಹೇಳುತ್ತಿದ್ದರು. ನಮ್ಮವರಲ್ಲಿ ವ್ಯಸನ ಎಂದರೆ ಹೆಂಡ. ಔಷಧಿ ಅಂಗಡಿಯಲ್ಲಿ, ಹಗಲು ಹೊತ್ತಿನಲ್ಲಿ, ರಸೀದಿಯೊಡನೆ ಸಿಕ್ಕಿದ್ದು ವ್ಯಸನವಾಗುತ್ತದೆ ಎಂದರೆ ನಂಬುವುದು ಕಷ್ಟ. ನಾನೂ ನಂಬಿರಲಿಲ್ಲ.

ಆಸ್ಪತ್ರೆಯಿಂದ ಬಂದ ಮೇಲಿನ ಅತಿ ದೊಡ್ಡ ಭಯ ಮೊಣಕಾಲಿನದೇ. ಮಾತ್ರೆಯಿಲ್ಲದೆ ಈ ನೋವನ್ನು ಹೇಗೆ ತಾಳಲಿ? ಫಿಸಿಯೋಥೆರಪಿಸ್ಟ್ ಒಂದು ಟವೆಲ್ ಸುತ್ತಿ ಮೊಣಕಾಲಿನಡಿ ಇಟ್ಟು, ತೊಡೆಯ ಸ್ನಾಯು ಬಿಗಿಸಿ ಟವೆಲನ್ನು ಕೆಳಕ್ಕೆ ಒತ್ತು, ಹತ್ತು ಎಣಿಸು, ಬಿಡು ಎಂದರು. ಎಡ ತೊಡೆ ಬಲ ತೊಡೆಗಿಂತ ನಾಲ್ಕು ಸೆಂಟಿಮೀಟರ್ ಸಣಕಲಾಗಿತ್ತು. ಮೂರು ವರ್ಷ ಆ ಸ್ನಾಯುವನ್ನು ಬೆಳೆಸುವ ಬದಲು ನಾನು ಅದರ ಬಾಯಿ ಕಟ್ಟಿದ್ದೆ. ಓಪಿಯಾಯ್ಡ್‌ಗಳನ್ನು ಬಹಳ ಕಾಲ ತೆಗೆದುಕೊಂಡರೆ ಕೆಲವರಲ್ಲಿ ನರಗಳು ಇನ್ನಷ್ಟು ಸೂಕ್ಷ್ಮವಾಗಿ, ಸಣ್ಣ ನೋವೂ ದೊಡ್ಡದಾಗಿ ಕೇಳಿಸುತ್ತದೆ ಎಂದು ಅವರೇ ವಿವರಿಸಿದರು. ಬಿಟ್ಟ ಎರಡನೆಯ ತಿಂಗಳಲ್ಲಿ ಒಂದು ದಿನ ದಾದರ್‌ನ ಪಾದಚಾರಿ ಸೇತುವೆ ಇಳಿದು ಕೆಳಗೆ ಬಂದ ಮೇಲೆ, ಅರೆ, ಕಂಬಿ ಹಿಡಿಯಲೇ ಇಲ್ಲವಲ್ಲ ಎಂದು ಹೊಳೆಯಿತು. ನೋವು ಇತ್ತು, ಈಗಲೂ ಇದೆ. ಮಳೆಗಾಲದಲ್ಲಿ ಹೆಚ್ಚು. ಆದರೆ ಅದು ಮಾತ್ರೆ ನುಂಗುತ್ತಿದ್ದ ದಿನಗಳ ನೋವಿಗಿಂತ ಕಡಿಮೆ.

ಲಾಕ್‌ಡೌನ್ ಬಂದಾಗ ವ್ಯಸನದಿಂದ ಹೊರಬರುತ್ತಿರುವವರು ಒಬ್ಬರಿಗೊಬ್ಬರು ನೆರವಾಗುವ ನಾರ್ಕೋಟಿಕ್ಸ್ ಅನಾನಿಮಸ್ ಕೂಟದ ಸಭೆಗಳು ಫೋನಿಗೆ ಬಂದವು. ಹೋಟೆಲ್ ಮುಚ್ಚಿತ್ತು. ಮೇಲಕ್ಕೆತ್ತಿಟ್ಟ ಕುರ್ಚಿಗಳ ನಡುವೆ ಅಪ್ಪಯ್ಯ ಮತ್ತು ನಾನು ಅಂತರ ಬಿಟ್ಟು ಕೂತಿರುತ್ತಿದ್ದೆವು, ಅವರು ಲೆಕ್ಕದ ಪುಸ್ತಕ ನೋಡುತ್ತಿದ್ದರು, ನಾನು ಕಿವಿಗೆ ಫೋನ್ ಹಿಡಿದಿರುತ್ತಿದ್ದೆ. ಆ ತಿಂಗಳುಗಳನ್ನು ದಾಟಿದೆ.

ಮುಗ್ಗರಿಸಿದ್ದು 2021ರಲ್ಲಿ, ಎಲ್ಲವೂ ಸರಿಯಾಗಿದೆ ಎಂದುಕೊಂಡಿದ್ದಾಗ. ನಾಲ್ಟ್ರೆಕ್ಸೋನ್ ನಿಲ್ಲಿಸಿ ತಿಂಗಳುಗಳಾಗಿದ್ದವು. ದವಡೆ ಹಲ್ಲು ಕೀಳಿಸಿದೆ. ದಂತವೈದ್ಯರು ಒಂದು ಮಾತ್ರೆ ಬರೆದರು. ನಾನು ಹೆಸರು ಓದಲಿಲ್ಲ, ಅಥವಾ ಓದಲು ಬಯಸಲಿಲ್ಲ. ಅದು ಪ್ಯಾರಾಸಿಟಮಾಲ್ ಜೊತೆಗೆ ಟ್ರಮಡಾಲ್ ಬೆರೆತದ್ದು. ಮುಕ್ಕಾಲು ಗಂಟೆಗೆ ಮೈ ಅದನ್ನು ಗುರುತಿಸಿತು, ಊರಿಗೆ ಹೋದಾಗ ಹಳೆಯ ನಾಯಿ ಓಡಿ ಬಂದು ಗುರುತು ಹಿಡಿಯುವಂತೆ. ಮೂರು ದಿನದ ಮಾತ್ರೆ ಹನ್ನೊಂದು ದಿನವಾಯಿತು. ಹನ್ನೆರಡನೆಯ ದಿನ ನಾನೇ ಹೆಂಡತಿಯ ಮುಂದೆ ಪಟ್ಟಿ ಇಟ್ಟೆ. ಅವಳು ನೋಡಿ, "ನೀವೇ ತಂದು ತೋರಿಸಿದಿರಲ್ಲ" ಎಂದಳು. ಅಷ್ಟೇ. ಮರುದಿನ ಆಸ್ಪತ್ರೆಗೆ ಹೋದೆವು. ಬಿಟ್ಟ ಮೇಲೆ ದೇಹದ ತಾಳಿಕೆ ಇಳಿದಿರುತ್ತದೆ, ಹಳೆಯ ಪ್ರಮಾಣಕ್ಕೆ ಒಮ್ಮೆಲೇ ಮರಳಿದವರು ಸಾಯುವುದು ಹಾಗೆಯೇ ಎಂದು ವೈದ್ಯರು ಅಂದು ಹೇಳಿದ್ದು ಮರೆತಿಲ್ಲ.

ಆಗಿನಿಂದ ನನ್ನ ಪಾಕೀಟಿನಲ್ಲಿ ಒಂದು ಚೀಟಿ ಇರುತ್ತದೆ. ಇಂಗ್ಲಿಷ್, ಮರಾಠಿ, ಕನ್ನಡದಲ್ಲಿ: ನಾನು ಓಪಿಯಾಯ್ಡ್ ವ್ಯಸನದಿಂದ ಹೊರಬಂದವನು, ಟ್ರಮಡಾಲ್, ಟಪೆಂಟಡಾಲ್, ಕೊಡೀನ್, ಪೆಂಟಜೋಸಿನ್ ಅಥವಾ ಅಂಥ ಬೇರೆ ಔಷಧ ಕೊಡುವ ಮೊದಲು ಈ ಸಂಖ್ಯೆಗೆ ಕರೆ ಮಾಡಿ. ಕೆಳಗೆ ಹೆಂಡತಿಯ ಮತ್ತು ವೈದ್ಯರ ಫೋನ್. ಕೊಡೀನ್ ಕೆಲವು ಕೆಮ್ಮಿನ ಸಿರಪ್‌ಗಳಲ್ಲಿ ಇರುತ್ತದೆ ಎಂಬುದು ಎಷ್ಟೋ ಜನರಿಗೆ ತಿಳಿದಿಲ್ಲ.

ಅದೇ ಸುಮಾರಿಗೆ ಇಂಗ್ಲೆಂಡ್‌ನ ಮಾಜಿ ಫುಟ್‌ಬಾಲ್ ಗೋಲ್‌ಕೀಪರ್ ಕ್ರಿಸ್ ಕರ್ಕ್‌ಲ್ಯಾಂಡ್ ಬಗ್ಗೆ ಓದಿದೆ. ಲಿವರ್‌ಪೂಲ್‌ಗೆ ಆಡಿದವರು, 2006ರಲ್ಲಿ ದೇಶಕ್ಕೂ ಆಡಿದವರು. ಬೆನ್ನುನೋವಿಗೆ ಶುರುವಾದ ಟ್ರಮಡಾಲ್ ತನ್ನನ್ನು ಹೇಗೆ ನುಂಗಿತು ಎಂದು ಬಹಿರಂಗವಾಗಿ ಹೇಳಿಕೊಂಡಿದ್ದಾರೆ. ಅದೇ ಮಾತ್ರೆ, ಅದೇ ಹೆಸರು. ದೊಡ್ಡ ಆಟಗಾರ ಹೇಳಬಹುದಾದರೆ ನಾಯಗಾಂವ್‌ನ ಕಾರ್ನರ್ ಏಕೆ ಹೇಳಬಾರದು ಎನಿಸಿತು. 2022ರಲ್ಲಿ ನಾನು ಆಡಿ ಬೆಳೆದ ವ್ಯಾಯಾಮಶಾಲೆಯಲ್ಲಿ, ಅದೇ ಕೋಚ್ ಮುಂದೆ ಕೂತಿರುವಾಗ, ಮೊದಲ ಸಲ ಎಲ್ಲವನ್ನೂ ಹೇಳಿದೆ. ಬಳೆಯ ವಿಷಯವನ್ನೂ. ಮುಗಿದ ಮೇಲೆ ಕೋಚ್ ಬಹಳ ಹೊತ್ತು ನನ್ನ ಭುಜದ ಮೇಲಿನ ಕೈ ತೆಗೆಯಲಿಲ್ಲ.

ಈಗ ತಿಂಗಳಿಗೆ ಎರಡು ಮೂರು ಕಡೆ ಹೋಗುತ್ತೇನೆ: ಕಬಡ್ಡಿ ಸಂಘಗಳು, ಕನ್ನಡ ಸಂಘದ ಸಭಾಂಗಣಗಳು, ಹೋಟೆಲ್ ಕಾರ್ಮಿಕರ ಕೂಟಗಳು. ದಿನಕ್ಕೆ ಹದಿನಾಲ್ಕು ಗಂಟೆ ನಿಲ್ಲುವ ಹೋಟೆಲಿನವರಿಗೂ ಮೊಣಕಾಲಿದೆ, ಅವರ ಜೇಬಿನಲ್ಲಿಯೂ ಪಟ್ಟಿಗಳಿವೆ. 2019ರಲ್ಲಿ ಪ್ರಕಟವಾದ ರಾಷ್ಟ್ರೀಯ ಸಮೀಕ್ಷೆಯ ಪ್ರಕಾರ ದೇಶದ 2.1 ಶೇಕಡಾ ಜನ, ಅಂದರೆ ಸುಮಾರು 2.26 ಕೋಟಿ, ಅಫೀಮು, ಹೆರಾಯಿನ್, ಓಪಿಯಾಯ್ಡ್ ಮಾತ್ರೆಗಳಲ್ಲಿ ಒಂದನ್ನಾದರೂ ಬಳಸುತ್ತಾರೆ. ಈ ಅಂಕಿ ಹೇಳುವಾಗ ನಾನು ಸಭೆಯಲ್ಲಿ ಕೂತವರನ್ನು ಎಣಿಸುತ್ತೇನೆ. ನೂರು ಜನರಿದ್ದರೆ ಇಬ್ಬರು.

ಈ ಔಷಧಿಗಳನ್ನು ನಿಷೇಧಿಸಿ ಎಂದು ನಾನು ಕೇಳುವುದಿಲ್ಲ. ಪರೇಲಿನ ಬೀದಿಗಳಲ್ಲಿ ಕ್ಯಾನ್ಸರ್ ರೋಗಿಗಳು ಹಾಸಿಗೆಗಾಗಿ ಕಾಯುತ್ತ ಮಲಗಿರುವುದನ್ನು ನೋಡಿ ಬೆಳೆದವನು ನಾನು. ಅವರಿಗೆ ಈ ಔಷಧ ಸಿಗಲೇಬೇಕು, ಸುಲಭವಾಗಿ ಸಿಗಬೇಕು. ನನ್ನ ಬೇಡಿಕೆ ಚಿಕ್ಕದು. ಪ್ರತಿ ತಂಡ ಒಂದು ಪುಸ್ತಕ ಇಡಲಿ: ಯಾರಿಗೆ ಎಲ್ಲಿ ಪೆಟ್ಟು, ಯಾವ ಮಾತ್ರೆ, ಯಾರು ಬರೆದದ್ದು, ಎಷ್ಟು ದಿನಕ್ಕೆ. 2024ರ ಜನವರಿ 1ರಿಂದ ವಿಶ್ವ ಉದ್ದೀಪನ ಮದ್ದು ತಡೆ ಸಂಸ್ಥೆ (ವಾಡಾ) ಸ್ಪರ್ಧೆಯ ವೇಳೆ ಟ್ರಮಡಾಲನ್ನು ನಿಷೇಧಿಸಿದೆ. ಆದರೆ ನಮ್ಮ ಗಲ್ಲಿಯ ಟೂರ್ನಿಗಳಲ್ಲಿ ಮೂತ್ರಪರೀಕ್ಷೆ ಮಾಡುವವರು ಯಾರು? ಅಲ್ಲಿ ಆ ಪುಸ್ತಕವೇ ಬೇಕು. ಈವರೆಗೆ ನಾಲ್ಕು ತಂಡಗಳು ಇಟ್ಟಿವೆ. ಸಭೆ ಮುಗಿಯುವಾಗ 14446 ಎಂಬ ವ್ಯಸನಮುಕ್ತಿ ಸಹಾಯವಾಣಿಯ ಸಂಖ್ಯೆಯನ್ನು ಎರಡೆರಡು ಸಲ ಹೇಳಿಸುತ್ತೇನೆ.

ಕಳೆದ ತಿಂಗಳು ರಾತ್ರಿ ಹನ್ನೊಂದಕ್ಕೆ ಡೊಂಬಿವಲಿಯ ಒಬ್ಬ ತಾಯಿ ವಾಟ್ಸ್‌ಆ್ಯಪ್‌ನಲ್ಲಿ ಮಾತ್ರೆಯ ಪಟ್ಟಿಯ ಫೋಟೊ ಕಳುಹಿಸಿದರು. ಮಗನ ಬ್ಯಾಗಿನಲ್ಲಿ ಸಿಕ್ಕಿತಂತೆ. "ಇದು ಅದೇನಾ ಅಣ್ಣ?" ಫೋಟೊ ಹಿಗ್ಗಿಸಿ ಓದಿದೆ. ಬರೀ ಪ್ಯಾರಾಸಿಟಮಾಲ್. ಅಲ್ಲಮ್ಮ, ಇದು ಅದಲ್ಲ ಎಂದು ಬರೆದೆ. ಸ್ವಲ್ಪ ಹೊತ್ತಿಗೆ ಇನ್ನೊಂದು ಸಂದೇಶ ಬಂತು: "ಮತ್ತೆ ಅವನಿಗೆ ನಿದ್ದೆ ಯಾಕೆ ಬರುವುದಿಲ್ಲ?"

ಬೆಳಿಗ್ಗೆ ಆರೂವರೆಗೆ ಮೈದಾನಕ್ಕೆ ಹೋದೆ. ಹುಡುಗನಿಗೆ ಹದಿನೇಳು. ನನ್ನ ಜಾಗದಲ್ಲಿಯೇ ಆಡುತ್ತಾನೆ, ಎಡ ಕಾರ್ನರ್. ಅಭ್ಯಾಸ ಮುಗಿಯುವವರೆಗೆ ಕಾದೆ. ಬೂಟು ಬಿಚ್ಚುತ್ತ ನನ್ನ ಪಕ್ಕ ಬಂದು ಕೂತ. ಭಾಷಣ ಮಾಡುತ್ತೇನೆ ಎಂದುಕೊಂಡಿರಬೇಕು, ಮುಖ ಬೇರೆ ಕಡೆ ತಿರುಗಿಸಿದ್ದ.

"ಎಲ್ಲಿ ನೋವು?" ಎಂದು ಕೇಳಿದೆ.

ಅವನು ನನ್ನತ್ತ ನೋಡಿದ. ಆಮೇಲೆ ಟ್ರ್ಯಾಕ್ ಪ್ಯಾಂಟನ್ನು ಮೆಲ್ಲಗೆ ಮೊಣಕಾಲಿನ ಮೇಲಕ್ಕೆ ಸುತ್ತತೊಡಗಿದ.